ಲೆನಿನ್‌ಗ್ರಾಡ್ ಸಿಂಫನಿ: ಮೂರು ರೆಕಾರ್ಡಿಂಗ್, ಒಂದು ಹೆಡ್‌ಫೋನ್

ಮೊದಲೇ ಹೇಳಿಬಿಡುತ್ತೇನೆ, ನನ್ನ ಓಟು ರಷ್ಯದ ಕಂಡಕ್ಟರ್ (ವಾದ್ಯವೃಂದ ನಡೆಸುವವ) ಮ್ರಾವಿನ್‌ಸ್ಕಿಯ 1953ರ ಹಳೇ ಮೋನೊ (ಸ್ಟೀರಿಯೊ ಅಲ್ಲದ) ರೆಕಾರ್ಡಿಂಗಿಗೆ. ಆದರೆ ಲೆನಿನ್‌ಗ್ರಾಡ್ ಎಂದೇ ಕರೆಯುವ, ರಷ್ಯದ ರಚನಕಾರ ಶೋಸ್ತಕೋವಿಚ್‌ನ ಈ ಏಳನೇ ಸಿಂಫನಿಗೆಂದು ನಾನು ಮೊದಲು ದುಡ್ಡು ಸುರಿದದ್ದು ಅಮೆರಿಕದ ಕಂಡಕ್ಟರ್ ಬರ್ನ್‌ಸ್ಟೈನ್ 1988ರಲ್ಲಿ ಷಿಕಾಗೊ ವಾದ್ಯವೃಂದದಿಂದ ನುಡಿಸಿದ ಎರಡು ಡಿಸ್ಕಿನ ಸೆಟ್ಟಿಗೆ. ಎಲ್ಲರೂ ಹೊಗಳಿದ್ದರು, ನಾನೂ ನಂಬಿದೆ.

ಕೈಕೊಟ್ಟದ್ದು ಸ್ನೇರ್ ಡ್ರಮ್, ಸೈನಿಕರ ಕವಾಯತಿನಲ್ಲಿ ಬಾರಿಸುವ ಸಣ್ಣ ಡೋಲು. ಮೊದಲ ಭಾಗದಲ್ಲಿ ಶತ್ರು ನುಗ್ಗಿಬರುವ ಜಾಗವಿದೆಯಲ್ಲ, ಅಲ್ಲಿ ಒಂದೇ ಮಟ್ಟು ಹನ್ನೆರಡು ಸಲ, ಬರುಬರುತ್ತ ಜೋರಾಗುತ್ತದೆ. ನಾನು ಕೇಳುವುದು ರಾತ್ರಿ, ಮನೆಯವರೆಲ್ಲ ಮಲಗಿದ ಮೇಲೆ, ಹೆಡ್‌ಫೋನಿನಲ್ಲಿ. ಡ್ರಮ್ ಶುರುವಾಗಬೇಕಾದಲ್ಲಿ ಏನೂ ಕೇಳಿಸಲಿಲ್ಲ. ವೈರು ಸಡಿಲವಾಯಿತೇನೋ ಎಂದು ಪಿನ್ ಕಿತ್ತು ಮತ್ತೆ ಚುಚ್ಚಿದೆ. ವಾಲ್ಯೂಮ್ ಏರಿಸಿದೆ. ಆಗ, ಪಕ್ಕದ ಕೋಣೆಯಲ್ಲಿ ಯಾರೋ ಬೆರಳಿಂದ ಮೇಜು ತಟ್ಟಿದ ಹಾಗೆ, ಟಕ ಟಕ.

ಏರಿಸಿದ್ದನ್ನು ಇಳಿಸಲು ಮರೆತೆ. ಈ ಕೃತಿಗೆಂದೇ ಶೋಸ್ತಕೋವಿಚ್ ನಾಲ್ಕು ಹಾರ್ನ್, ಮೂರು ಟ್ರಂಪೆಟ್, ಮೂರು ಟ್ರೊಂಬೋನ್ ಹೆಚ್ಚಿಗೆ ಕೂರಿಸಿದ್ದಾನೆ. ಹತ್ತು ನಿಮಿಷದ ಬಳಿಕ ಅವೆಲ್ಲ ಒಟ್ಟಿಗೆ ಮೈಮೇಲೆ ಬಿದ್ದವು. ಹೆಡ್‌ಫೋನ್ ಕಿತ್ತೆಸೆದೆ. ದಾಳಿ ಅಂದರೆ ಹಾಗೇ ಇರಬೇಕು ಎನ್ನುವವರಿದ್ದಾರೆ. ಇರಲಿ, ಕಿವಿ ನನ್ನದು.

ಮೋನೊದಲ್ಲಿ ಈ ಕಾಟವಿಲ್ಲ. ಡ್ರಮ್ ಮೊದಲಿಂದಲೇ ಕೇಳುತ್ತದೆ, ಕೊನೆಗೂ ಕಿವಿ ಉಳಿಯುತ್ತದೆ. ಹಿತ್ತಾಳೆ ವಾದ್ಯಗಳ ದನಿ ಒರಟು, ತುಸು ತೆಳು. ನನಗೆ ಅದೇ ಬೇಕು. ಎರಡನೇ ಮಹಾಯುದ್ಧದಲ್ಲಿ ಜರ್ಮನರು ಲೆನಿನ್‌ಗ್ರಾಡಿಗೆ ಹಾಕಿದ ಮುತ್ತಿಗೆಯ ಕಾಲದಲ್ಲಿ ಮ್ರಾವಿನ್‌ಸ್ಕಿಯ ವೃಂದ ದೂರದ ಸೈಬೀರಿಯದ ನೊವೊಸಿಬಿರ್ಸ್ಕ್‌ನಲ್ಲಿತ್ತು. ಊರಲ್ಲಿ ಉಳಿದದ್ದು ಕಂಡಕ್ಟರ್ ಎಲಿಯಾಸ್‌ಬರ್ಗ್‌ನ ರೇಡಿಯೊ ವೃಂದ. ಮೊದಲ ತಾಲೀಮಿಗೆ ಬಂದವರು ಹದಿನೈದರಷ್ಟು ಜನ, ಹಸಿವಿನಿಂದ ಊದಲು ಉಸಿರಿಲ್ಲದವರು. ಸೈನ್ಯದಿಂದ ವಾದಕರನ್ನು ಕರೆಸಿ 1942ರ ಆಗಸ್ಟ್ 9ರಂದು ನುಡಿಸಿದರು. ಜರ್ಮನ್ ಸಾಲಿನತ್ತಲೂ ಧ್ವನಿವರ್ಧಕ ತಿರುಗಿಸಿದ್ದರು. ಆ ಕತೆ ತಲೆಯಲ್ಲಿಟ್ಟುಕೊಂಡು ಷಿಕಾಗೊದ ಹೊಟ್ಟೆತುಂಬಿದ ಟ್ರಂಪೆಟ್ ಕೇಳಲು ನನ್ನಿಂದಾಗದು. ಮೂರನೇ ಭಾಗದಲ್ಲಿ ಬರ್ನ್‌ಸ್ಟೈನ್ ನಮ್ಮ ಕಣ್ಣಲ್ಲಿ ನೀರು ತರಿಸಲು ನೋಡುತ್ತಾನೆ, ಮ್ರಾವಿನ್‌ಸ್ಕಿ ಹಲ್ಲುಕಚ್ಚಿ ನಡೆಯುತ್ತಾನೆ.

ಮೂರನೆಯದು ಇಟಲಿಯ ಕಂಡಕ್ಟರ್ ಟೊಸ್ಕನಿನಿಯದು, 1942ರ ಜುಲೈ 19ರ ಅಮೆರಿಕನ್ ರೇಡಿಯೊ ಪ್ರಸಾರ. ರಷ್ಯದಿಂದ ಮೈಕ್ರೊಫಿಲ್ಮ್ (ಪುಟ್ಟದಾಗಿಸಿದ ಫೋಟೊ ಸುರುಳಿ) ಆಗಿ ಟೆಹರಾನ್, ಕೈರೊ ದಾಟಿ ಬಂದ ಸ್ವರಲಿಪಿಯ ಬಿಸಿ ಇನ್ನೂ ಆರಿಲ್ಲ. ಸದ್ದಿನ ಗುಣಮಟ್ಟ ಮಾತ್ರ ಕಳಪೆ, ವರ್ಷಕ್ಕೊಮ್ಮೆ ಕೇಳಿದರೆ ಸಾಕು.

ಮ್ರಾವಿನ್‌ಸ್ಕಿ ಒಂದೇ ಡಿಸ್ಕಿನಲ್ಲಿ ಮುಗಿಯುತ್ತದೆ, ಖರ್ಚೂ ಕಡಿಮೆ, ನಡುವೆ ಏಳಬೇಕಿಲ್ಲ. ಬರ್ನ್‌ಸ್ಟೈನ್ ಸೆಟ್ಟನ್ನು ಮಾರಿಲ್ಲ. ಮನೆಯಲ್ಲಿ ಯಾರೂ ಇಲ್ಲದ ಹಗಲಲ್ಲಿ ಸ್ಪೀಕರಿಗೆ ಹಾಕುತ್ತೇನೆ, ಕೈ ವಾಲ್ಯೂಮ್ ಗುಂಡಿಯ ಮೇಲೇ ಇರುತ್ತದೆ.