ಮಾತ್ರೆಯಾ, ಜೆಲ್ಲಾ? ಎರಡನ್ನೂ ಬಳಸಿ ನೋಡಿದ ಮೇಲೆ

ರಾತ್ರಿ ಮೂರಕ್ಕೆ ಎದ್ದು ನೈಟಿ ಬದಲಾಯಿಸುವುದು ನನಗೆ ದಿನದ ಪಾಡಾಗಿತ್ತು. ಎದೆಯಿಂದ ಶುರುವಾದ ಝಳ ಕಿವಿ ತನಕ ಏರುತ್ತಿತ್ತು. ಕತ್ತಿನ ಹಿಂದೆ ಕೂದಲೆಲ್ಲ ಒದ್ದೆ. ಐದು ನಿಮಿಷ ಕಳೆದರೆ ಚಳಿ. "ಮುಟ್ಟು ನಿಲ್ಲೋ ಕಾಲ, ಎಲ್ಲರಿಗೂ ಇದ್ದದ್ದೇ" ಅಂದರು ಅತ್ತೆ. ನಾಲ್ಕು ತಿಂಗಳು ಸೋಯಾ ಕ್ಯಾಪ್ಸೂಲ್ ನುಂಗಿದೆ. ನನಗಂತೂ ಏನೂ ಆಗಲಿಲ್ಲ.

ಡಾಕ್ಟರ್ ಹಾರ್ಮೋನ್ ಚಿಕಿತ್ಸೆಯ ಮಾತೆತ್ತಿದಾಗ, ಹಾರ್ಮೋನ್ ಅಂದರೆ ಕ್ಯಾನ್ಸರ್ ಅಂತ ಹೆದರಿದ್ದೆ. ಆ ಹೆದರಿಕೆ ಜಾಸ್ತಿಯಾಗಿದ್ದು 2002ರ ಅಮೆರಿಕದ ಅಧ್ಯಯನದಿಂದ. ಅದರಲ್ಲಿದ್ದ ಹೆಂಗಸರ ಸರಾಸರಿ ವಯಸ್ಸು 63. ನನಗೆ 49. 60 ದಾಟದವರಿಗೆ, ಮುಟ್ಟು ನಿಂತು ಹತ್ತು ವರ್ಷ ಆಗದವರಿಗೆ ಲೆಕ್ಕವೇ ಬೇರೆ ಅಂದರು ಡಾಕ್ಟರ್. ಅಪಾಯ ಇಲ್ಲವೇ ಇಲ್ಲ ಅಂತಲ್ಲ. ಸ್ತನ ಕ್ಯಾನ್ಸರ್ ಆಗಿದ್ದವರಿಗೆ ಸಾಮಾನ್ಯವಾಗಿ ಕೊಡುವುದಿಲ್ಲ. ನನಗೂ ಬಿಪಿ, ಮ್ಯಾಮೊಗ್ರಾಂ (ಸ್ತನದ ಎಕ್ಸ್-ರೇ) ನೋಡಿಯೇ ಬರೆದುಕೊಟ್ಟರು.

ಮೊದಲು ಮಾತ್ರೆ, ಎಸ್ಟ್ರಡಯಾಲ್ (ಈಸ್ಟ್ರೋಜನ್ ಅನ್ನೋ ಹೆಣ್ಣು ಹಾರ್ಮೋನಿನ ಒಂದು ಬಗೆ) 1 ಮಿಲಿಗ್ರಾಂ. ಮೂರನೇ ವಾರಕ್ಕೆ ಝಳ ಅರ್ಧಕ್ಕರ್ಧ ಇಳಿಯಿತು. ನುಂಗಿದರೆ ಮುಗೀತು, ಬೇರೆ ರಗಳೆ ಇಲ್ಲ. ಆದರೆ ಬೆಳಗ್ಗೆ ಹೊಟ್ಟೆ ತೊಳಸುತ್ತಿತ್ತು. ಎರಡನೇ ಭೇಟಿಯಲ್ಲಿ ಮಾತಿಗೆ ಮಾತು ಬಂದು, ಅಮ್ಮನ ಕಾಲಲ್ಲಿ ರಕ್ತ ಹೆಪ್ಪುಗಟ್ಟಿದ್ದನ್ನು ಹೇಳಿದೆ. ಡಾಕ್ಟರ್ ಕೂಡಲೇ ಮಾತ್ರೆ ನಿಲ್ಲಿಸಿದರು. ನುಂಗಿದ ಈಸ್ಟ್ರೋಜನ್ ಮೊದಲು ಲಿವರ್‌ಗೆ ಹೋಗುತ್ತದೆ, ರಕ್ತ ಹೆಪ್ಪುಗಟ್ಟುವ ಸಾಧ್ಯತೆ ಸ್ವಲ್ಪ ಹೆಚ್ಚುತ್ತದೆ. ಚರ್ಮದಿಂದ ಒಳಗೆ ಇಳಿದರೆ ಮಾಮೂಲಿ ಪ್ರಮಾಣದಲ್ಲಿ ಆ ಭಯ ಅಷ್ಟಾಗಿ ಇಲ್ಲ. ಮನೆಯವರ ಕಾಯಿಲೆಗಳನ್ನು ಮೊದಲ ದಿನವೇ ಹೇಳಿಬಿಡಿ, ದಯವಿಟ್ಟು.

ಈಗ ಈಸ್ಟ್ರೋಜನ್ ಇರುವ ಜೆಲ್. ಸ್ನಾನ ಆದ ಮೇಲೆ ತೋಳಿಗೆ ತೆಳುವಾಗಿ ಸವರುತ್ತೇನೆ. ತಣ್ಣಗಿರುತ್ತದೆ, ಸ್ಪಿರಿಟ್ ವಾಸನೆ. ಒಣಗುವ ತನಕ ರವಿಕೆ ಹಾಕುವ ಹಾಗಿಲ್ಲ. ಸವರಿದ ಜಾಗ ಮಗುವಿಗೆ ತಾಗಬಾರದು, ಹಾಗಾಗಿ ಮೊಮ್ಮಗಳು ಬಂದಾಗ ತೋಳು ಮುಚ್ಚಿಕೊಂಡೇ ಎತ್ತಿಕೊಳ್ಳುವುದು. ಮಾತ್ರೆಗಿಂತ ದುಬಾರಿ, ಬೆಳಗಿನ ಗಡಿಬಿಡಿಯಲ್ಲಿ ಕಷ್ಟವೂ ಹೌದು. ಆದರೂ ನನ್ನ ಓಟು ಜೆಲ್‌ಗೇ. ಹೊಟ್ಟೆ ತೊಳಸು ಹೋಯಿತು, ರಾತ್ರಿ ನೈಟಿ ಒಣಗಿಯೇ ಇರುತ್ತದೆ. ಚರ್ಮಕ್ಕೆ ಅಂಟಿಸುವ ಹಾರ್ಮೋನ್ ಪಟ್ಟಿ, ಅಂದರೆ ಪ್ಯಾಚ್ ಕೂಡ ಕೇಳಿದೆ, ನಮ್ಮೂರಿನ ಅಂಗಡಿಗಳಲ್ಲಿ ಸಿಗಲಿಲ್ಲ.

ಗರ್ಭಕೋಶ ಇರುವವರು ಯಾವುದನ್ನು ಆರಿಸಿದರೂ ಜೊತೆಗೆ ಪ್ರೊಜೆಸ್ಟರಾನ್ ಅನ್ನೋ ಇನ್ನೊಂದು ಹಾರ್ಮೋನ್ ಬೇಕೇ ಬೇಕು. ಈಸ್ಟ್ರೋಜನ್ ಒಂದನ್ನೇ ತಗೊಂಡರೆ ಗರ್ಭಕೋಶದ ಒಳಪದರ ದಪ್ಪವಾಗಿ ಮುಂದೆ ಕ್ಯಾನ್ಸರ್ ಆಗಬಹುದು. ನಾನು ಪ್ರೊಜೆಸ್ಟರಾನನ್ನು ಮಲಗುವಾಗ ನುಂಗುತ್ತೇನೆ, ಅದು ನಿದ್ದೆ ಬರಿಸುತ್ತದೆ, ನನಗೆ ಅದೇ ಬೇಕಿತ್ತು.

ಜೆಲ್‌ನಿಂದ ಹೋಗದೇ ಉಳಿದದ್ದು ಕೆಳಗಿನ ಒಣಗುವಿಕೆ, ಉರಿಮೂತ್ರ. ಅದಕ್ಕೆ ಯೋನಿಯ ಒಳಗೆ ಹಚ್ಚುವ ಈಸ್ಟ್ರೋಜನ್ ಕ್ರೀಮ್ ಬೇರೆ ಕೊಟ್ಟರು, ಈಗ ವಾರಕ್ಕೆ ಎರಡು ಸಲ. ಇದನ್ನು ಕೇಳಲು ನಾಚಿಕೊಂಡು ಆರು ತಿಂಗಳು ಸುಮ್ನೆ ನರಳಿದೆ. ನೀವು ಕೇಳಿಬಿಡಿ.