ಎಳ್ಳಮಾವಾಸ್ಯೆ ಕತ್ತಲಿಗೆ ಒಂದು 10×50 ದುರ್ಬೀನು

ರಾತ್ರಿ ಆಕಾಶ ನೋಡಲು ತಂದ ಈ ದುರ್ಬೀನಿನಲ್ಲಿ ಆಕಾಶದ ಮೋಡಗಳಿಗೆ ಬಣ್ಣ ಕಾಣುವುದಿಲ್ಲ. ಫೋಟೋಗಳಲ್ಲಿ ನಕ್ಷತ್ರಗಳ ನಡುವೆ ಬರುವ ಕೆಂಪು, ನೀಲಿ ಮೋಡಗಳನ್ನು ನೋಡಬೇಕು ಅಂತ ದುಡ್ಡು ಹಾಕುವವರು ಇಲ್ಲೇ ನಿಂತುಬಿಡಿ. ಇದರಲ್ಲಿ ಅವೆಲ್ಲ ಬೂದಿ ಬಣ್ಣ. ಆದರೂ ಸುಮಾರು ಏಳು ಸಾವಿರ ಕೊಟ್ಟಿದ್ದಕ್ಕೆ ನನಗೇನೂ ಬೇಜಾರಿಲ್ಲ.

ಹಿಂದೆ ಒಂದು ಟೆಲಿಸ್ಕೋಪ್ ತಂದು ಕೈ ಸುಟ್ಟುಕೊಂಡಿದ್ದೆ. ಡಬ್ಬಿ ಮೇಲೆ 300 ಪಟ್ಟು ಅಂತ ದೊಡ್ಡದಾಗಿ ಬರೆದಿತ್ತು, ಗಾಜು ಮಾತ್ರ 50 ಮಿಲಿಮೀಟರ್. ಅಷ್ಟು ಗಾಜಿಗೆ 100 ಪಟ್ಟೇ ಜಾಸ್ತಿ, ಅದರಾಚೆ ಬರೀ ಮಸುಕು. ಸ್ಟ್ಯಾಂಡ್ ಅಂತೂ ಉಸಿರು ಬಿಟ್ಟರೆ ನಡುಗುತ್ತಿತ್ತು. ಹಾಗಾಗಿ ಈ ಸಲ ದುರ್ಬೀನು. ಕಲಬುರಗಿ ಸೂಪರ್ ಮಾರ್ಕೆಟ್ ಕಡೆ ಮೂರ್ನಾಲ್ಕು ಅಂಗಡಿ ಸುತ್ತಿದೆ, ಮಕ್ಕಳ ಆಟಿಕೆ ತೋರಿಸಿದರು. ಕೊನೆಗೆ ಆನ್‌ಲೈನ್‌ನಲ್ಲೇ ತರಿಸಿದೆ.

10×50 ಅಂದರೆ 10 ಪಟ್ಟು ದೊಡ್ಡದಾಗಿ ಕಾಣುತ್ತದೆ, ಮುಂದಿನ ಗಾಜು 50 ಮಿಲಿಮೀಟರ್ ಅಗಲ. ಕತ್ತಲಲ್ಲಿ ಕಣ್ಣಿನ ಪಾಪೆ 7 ಮಿಲಿಮೀಟರ್‌ವರೆಗೆ ಹಿಗ್ಗುತ್ತದೆ ಅಂದುಕೊಂಡರೂ ಅದಕ್ಕಿಂತ 50 ಪಟ್ಟು ಬೆಳಕು ಹಿಡಿಯುತ್ತದೆ, ಮಸುಕಾದ ವಸ್ತು ನೋಡಲು ಬೇಕಾಗಿರುವುದು ಈ ಬೆಳಕೇ.

ಮೊದಲು ಬಂದ ಪೀಸ್ ಕೆಟ್ಟದ್ದಿತ್ತು. ಒಂದು ಚುಕ್ಕಿ ನೋಡಿದರೆ ಎರಡು ಕಾಣುತ್ತಿತ್ತು. ನನ್ನ ಕಣ್ಣಿಗೇ ಏನೋ ಆಗಿದೆ ಅಂತ ಎರಡು ದಿನ ಗಾಬರಿಯಲ್ಲಿದ್ದೆ, ಆಮೇಲೆ ಗೊತ್ತಾಯಿತು, ಎರಡೂ ಕೊಳವೆ ಒಂದೇ ಕಡೆ ನೋಡುತ್ತಿರಲಿಲ್ಲ. ವಾಪಸ್ ಕೊಟ್ಟು ಬೇರೆ ತರಿಸಿಕೊಳ್ಳಲು ಮೂರು ವಾರ ಹಿಡಿಯಿತು. ಅದಕ್ಕೇ ಕಂಪನಿ ಹೆಸರು ಹೇಳುತ್ತಿಲ್ಲ, ಹೊಗಳಿದರೂ ಕಷ್ಟ, ಬೈದರೂ ಕಷ್ಟ. ನೀವು ಯಾವುದೇ ತಗೊಳ್ಳಿ, ಬಂದ ರಾತ್ರಿಯೇ ಒಂದು ಚುಕ್ಕಿಗೆ ಹಿಡಿದು ನೋಡಿ. ಇನ್ನೊಂದು, ಹಗಲಲ್ಲಿ ಆಕಾಶದ ಕಡೆ ಹಿಡಿದು ದುರ್ಬೀನನ್ನು ಕಣ್ಣಿನಿಂದ ಒಂದು ಗೇಣು ದೂರ ಇಟ್ಟುಕೊಳ್ಳಿ. ಒಳಗೆ ಕಾಣುವ ಬೆಳಕಿನ ಬಿಲ್ಲೆ ಪೂರ್ತಿ ಗುಂಡಗಿದ್ದರೆ ಒಳಗಿನ ಪ್ರಿಸಂ, ಅಂದರೆ ಬೆಳಕು ತಿರುಗಿಸುವ ಗಾಜು, ಒಳ್ಳೆಯದು, ಆ ಗಾಜಿಗೆ ಬಿಎಕೆ4 ಅಂತಾರೆ. ಅಂಚು ಕತ್ತರಿಸಿ ಚೌಕದ ಹಾಗೆ ಕಂಡರೆ ಅಗ್ಗದ್ದು.

ಎರಡನೇ ಪೀಸ್ ಬಂದ ವಾರವೇ ಎಳ್ಳಮಾವಾಸ್ಯೆ. ನಮ್ಮ ಕಡೆಯವರಿಗೆ ಹೇಳಬೇಕಾಗಿಲ್ಲ, ಮನೆ ಮಂದಿಯೆಲ್ಲ ಹೊಲಕ್ಕೆ ಹೋಗಿ ಚರಗ ಚೆಲ್ಲಿ, ಭಜ್ಜಿ, ಸಜ್ಜೆ ರೊಟ್ಟಿ, ಶೇಂಗಾ ಹೋಳಿಗೆ ಉಂಡು ಬರುವ ಹಬ್ಬ. ಅಮಾವಾಸ್ಯೆ ಆದ್ದರಿಂದ ಚಂದ್ರ ಇಲ್ಲ, ಚಳಿಗಾಲ ಆದ್ದರಿಂದ ಮೋಡ ಇಲ್ಲ. ಆಕಾಶ ನೋಡುವವರಿಗೆ ಹಬ್ಬ ಅಂದರೆ ಇದೇ ಅಲ್ವಾ? ಎಲ್ಲರೂ ಸಂಜೆಗೆ ಮನೆಗೆ ಹೊರಟರು. ಆಳಂದ ಕಡೆ ಇರುವ ನಮ್ಮ ಹೊಲದಲ್ಲಿ ಹಂದಿ ಬರದಂತೆ ಬೆಳೆ ಕಾಯಲು ಕಾಕಾ ಉಳಿದ, ಜೊತೆಗೆ ನಾನೂ ಉಳಿದೆ.

"ಇದಕ್ಕ ಏಳು ಸಾವಿರ ಕೊಟ್ಟಿಯೇನೋ? ಏನ್ ಕಾಣ್ತದ ಇದ್ರಾಗ?" ಅಂದ.

ಮೊದಲು ಕೃತ್ತಿಕೆ ತೋರಿಸಿದೆ. ಬರಿಗಣ್ಣಿಗೆ ಆರು ಚುಕ್ಕಿ ಎಣಿಸಿದ್ದ, ಇದರಲ್ಲಿ ನೋಡಿ ಎಣಿಸುವುದನ್ನೇ ಬಿಟ್ಟ. ಇದು ಮೆಸ್ಸಿಯೇ ಪಟ್ಟಿಯಲ್ಲಿ 45ನೆಯದು, ಚಿಕ್ಕದಾಗಿ ಎಂ45. ಶಾರ್ಲ್ ಮೆಸ್ಸಿಯೇ ಪ್ಯಾರಿಸ್‌ನಲ್ಲಿ ಧೂಮಕೇತು ಹುಡುಕುತ್ತಿದ್ದವನು. ಧೂಮಕೇತುವಿನ ಹಾಗೇ ಮಸುಕಾಗಿ ಕಂಡು ಮೋಸ ಮಾಡುವ ವಸ್ತುಗಳನ್ನು ಬರೆದಿಟ್ಟ. 1774ರಲ್ಲಿ ಬಂದ ಮೊದಲ ಪಟ್ಟಿಯಲ್ಲಿ 45, 1781ರ ಹೊತ್ತಿಗೆ 103, ಈಗ ಸೇರಿಸಿದ್ದೆಲ್ಲ ಕೂಡಿ 110. ಅವನಿಗೆ ಕಾಟ ಕೊಟ್ಟ ಮಸುಕುಗಳ ಹಿಂದೆಯೇ ನಾವು ಈಗ ಬಿದ್ದಿದ್ದೇವೆ.

ತಲೆ ಮೇಲೆ, ಸ್ವಲ್ಪ ಉತ್ತರಕ್ಕೆ, ಎಂ31. ಆಂಡ್ರೊಮಿಡಾ ಗೆಲಾಕ್ಸಿ. ಒದ್ದೆ ಬೆರಳಿನಿಂದ ಸ್ಲೇಟ್ ಒರೆಸಿದಂತೆ ಉದ್ದನೆ ಬೂದಿ ಗುರುತು, ನಡುವೆ ಕೊಂಚ ಬೆಳಕು. ಅಷ್ಟೇ. ಈ ಬೆಳಕು ಹೊರಟು 25 ಲಕ್ಷ ವರ್ಷ ಆಯಿತು ಅಂದರೆ ಕಾಕಾ ನಂಬಲಿಲ್ಲ. ಎಂ42 ಮಾತ್ರ ಅವನಿಗೂ ಹಿಡಿಸಿತು. ಮೂರು ಚುಕ್ಕಿ ಸಾಲಿನ ಕೆಳಗೆ ರೆಕ್ಕೆ ಬಿಚ್ಚಿದಂತೆ ಒಂದು ಮೋಡ, ಸುಮಾರು 1,300 ಬೆಳಕಿನ ವರ್ಷ ದೂರ, ಒಳಗೆ ಹೊಸ ನಕ್ಷತ್ರಗಳು ಹುಟ್ಟುತ್ತಿವೆ. "ಮಿರಗ ಇದೇ ಕಡೆ ಬರ್ತದ" ಅಂದೆ. ಮಿರಗ ಅಂದರೆ ಮೃಗಶಿರಾ. ತೊಗರಿ ಬಿತ್ತುವವನಿಗೆ ಅದು ಮಳೆ, ಅದಕ್ಕೊಂದು ಜಾಗ ಆಕಾಶದಲ್ಲಿ ಇದೆ ಅಂತ ಅವನು ಯೋಚಿಸಿಯೇ ಇರಲಿಲ್ಲ. ಹತ್ತು ಗಂಟೆಗೆ ಪೂರ್ವದಲ್ಲಿ ಎಂ44 ಅನ್ನುವ ನಕ್ಷತ್ರಗಳ ಗುಂಪು ಮೇಲೆ ಬಂತು. ಅದಿರುವುದು ಪುಷ್ಯ ನಕ್ಷತ್ರದಲ್ಲಿ. ಬರಿಗಣ್ಣಿಗೆ ಹೊಗೆ, ದುರ್ಬೀನಿಗೆ ಚೆಲ್ಲಿದ ಜೋಳ. ಪುಷ್ಯ ಮಳೆ ಬರುವಾಗ ಇದು ಯಾಕೆ ಕಾಣುವುದಿಲ್ಲ ಅಂತ ಕೇಳಿದ. ಒಳ್ಳೆ ಪ್ರಶ್ನೆ! ಆಗ ಸೂರ್ಯ ಆ ನಕ್ಷತ್ರದಲ್ಲೇ ಇರುತ್ತಾನೆ, ಅದಕ್ಕೇ ಮಳೆಗೆ ಆ ಹೆಸರು, ಅದಕ್ಕೇ ಚುಕ್ಕಿ ಕಾಣುವುದಿಲ್ಲ. ಇಷ್ಟು ಹೇಳಿದ ಮೇಲೆ ದುರ್ಬೀನು ನನ್ನ ಕೈಗೆ ವಾಪಸ್ ಬರಲು ಅರ್ಧ ಗಂಟೆ ಆಯಿತು.

ಸಿಗದೇ ಹೋದದ್ದು ಪಟ್ಟಿಯ ಮೊದಲನೆಯದು, ಎಂ1. 1054ರಲ್ಲಿ ಚೀನಾದವರು ಕಂಡ ನಕ್ಷತ್ರ ಸ್ಫೋಟದ ಅವಶೇಷ. ಒಂದು ಗಂಟೆ ಹುಡುಕಿದೆ. ಒಮ್ಮೆ ಕಂಡಂತೆ ಆಯಿತು, ಅದನ್ನು ಲೆಕ್ಕಕ್ಕೆ ಹಿಡಿಯುವುದಿಲ್ಲ.

ಇನ್ನು ಕುಂದು. ಭಾರ ಸುಮಾರು 900 ಗ್ರಾಂ, ಐದು ನಿಮಿಷಕ್ಕೆ ಕೈ ನಡುಗುತ್ತದೆ. ಹೊರಸಿನ ಮೇಲೆ ಅಂಗಾತ ಮಲಗಿ ನೋಡಿ, ಇಲ್ಲವೇ ಟ್ರೈಪಾಡ್‌ಗೆ ಕೂಡಿಸುವ ಕೊಂಡಿ ಬೇರೆ ತಗೊಳ್ಳಿ. ಅಂಚಿನಲ್ಲಿರುವ ಚುಕ್ಕಿಗಳಿಗೆ ಬಾಲ ಬರುತ್ತದೆ, ಈ ಬೆಲೆಗೆ ಅದನ್ನು ಸಹಿಸಬಹುದು. ಫೋಕಸ್ ಚಕ್ರ ಮಾತ್ರ ನಮ್ಮ ಧೂಳಿಗೆ ಎರಡೇ ತಿಂಗಳಲ್ಲಿ ಬಿಗಿಯಾಯಿತು.

ಊರೊಳಗೆ ಉಪಯೋಗ ಇಲ್ಲವಾ ಅಂದರೆ, ಇದೆ. ಮೇ ತಿಂಗಳಲ್ಲಿ ಕಲಬುರಗಿಯಲ್ಲಿ ಮನೆಯೊಳಗೆ ಮಲಗುವವರು ಯಾರು? ಮಾಳಿಗೆ ಮೇಲೆ ಹಾಸಿಗೆ ಹಾಕಿದ ಮೇಲೆ ಹತ್ತು ಗಂಟೆ ಸುಮಾರಿಗೆ ದಕ್ಷಿಣಕ್ಕೆ ತಿರುಗಿ. ಚಿತ್ತಾ ನಕ್ಷತ್ರದಿಂದ ನೇರ ಕೆಳಗೆ, ಕೈ ಚಾಚಿ ಮೂರೂವರೆ ಮುಷ್ಟಿ ಅಳೆದರೆ ಒಮೆಗಾ ಸೆಂಟಾರಿ. ಸುಮಾರು ಒಂದು ಕೋಟಿ ನಕ್ಷತ್ರಗಳ ಗುಂಪು, ದುರ್ಬೀನಿನಲ್ಲಿ ಹತ್ತಿ ಉಂಡೆ. ಪಕ್ಕದ ಮನೆಯ ಎಲ್‌ಇಡಿ ದೀಪ ಉರಿಯುತ್ತಿದ್ದಾಗಲೂ ನನಗೆ ಕಂಡಿತು. ಮೆಸ್ಸಿಯೇ ಪಟ್ಟಿಯಲ್ಲಿ ಇದು ಇಲ್ಲ, ಯಾಕಂದರೆ ಪ್ಯಾರಿಸ್‌ನಲ್ಲಿ ಇದು ಹುಟ್ಟುವುದೇ ಇಲ್ಲ. ನಮಗೆ 25 ಡಿಗ್ರಿ ಮೇಲೇರುತ್ತದೆ. ಮಾಳಿಗೆ ಮೇಲೆ ದುರ್ಬೀನು ಹಿಡಿದು ಕೂತರೆ ಪಕ್ಕದ ಮನೆಯವರು ಏನಂದುಕೊಳ್ಳುತ್ತಾರೋ ಅನ್ನುವ ಭಯ ಇದ್ದರೆ, ನನ್ನ ಹಾಗೆ ಮೊದಲ ದಿನವೇ ಅವರಿಗೂ ತೋರಿಸಿಬಿಡಿ.

ಜೊತೆಗೆ ಬಂದ ಚೀಲದ ಜಿಪ್ ಎರಡನೇ ವಾರಕ್ಕೇ ಕಿತ್ತುಹೋಯಿತು. ಅವ್ವ ಕೌದಿಗೆ ಇಟ್ಟಿದ್ದ ಬಟ್ಟೆಯಲ್ಲಿ ಬೇರೆ ಹೊಲಿದು ಕೊಟ್ಟಿದ್ದಾಳೆ, ಅದು ಗಟ್ಟಿ ಇದೆ.