ರೇಡಿಯೊ ಸಗರಮಾಥಾ 102.4: ದನಿಗೆ ಪೂರ್ಣ ಅಂಕ, ಲೈಸೆನ್ಸಿಗೆ ಇಲ್ಲ

ಕಠ್ಮಂಡುವಿಗೆ ಹೋದವರು ಒಮ್ಮೆ 102.4 ಹಾಕಿ ಕೇಳಬೇಕು. ಮೊಬೈಲಿನಲ್ಲಾದರೆ ಇಯರ್‌ಫೋನ್ ಸಿಕ್ಕಿಸಿ. ಅದರ ವೈರೇ ಏರಿಯಲ್. ಎಫ್‌ಎಂ ಅಲೆ ಬೆಟ್ಟ ಬಳಸಿ ಬರುವುದಿಲ್ಲ. ಹಾಗಾಗಿ ಕಣಿವೆ ದಾಟಿ ಗುಡ್ಡದ ಮರೆಗೆ ಸರಿದರೆ ಮೊದಲು ಕರಕರ, ಆಮೇಲೆ ಮೌನ.

ದಕ್ಷಿಣ ಏಷ್ಯಾದಲ್ಲಿ ಸರ್ಕಾರದ ಹಿಡಿತದ ಹೊರಗೆ ಹುಟ್ಟಿದ ಮೊದಲ ಸಮುದಾಯ ರೇಡಿಯೊ ಇದು. ನಡೆಸುವವರು ಪರಿಸರ ಪತ್ರಕರ್ತರ ಸಂಘದವರು. ನೇಪಾಳಕ್ಕೆ ಬಹುಪಕ್ಷ ಪ್ರಜಾಪ್ರಭುತ್ವ ಮರಳಿದ್ದು 1990ರಲ್ಲಿ, ಪ್ರಸಾರ ಕಾಯ್ದೆ ಬಂದದ್ದು 1993ರಲ್ಲಿ, ಇವರ ಕೈಗೆ ಲೈಸೆನ್ಸ್ ಸಿಕ್ಕಿದ್ದು 1997ರ ಮೇ ತಿಂಗಳಲ್ಲಿ. ಮತಪೆಟ್ಟಿಗೆ ತೆರೆದಷ್ಟು ಬೇಗ ಮೈಕು ತೆರೆಯಲಿಲ್ಲ.

ನಿಜವಾದ ದೋಷ ತಡವಾದದ್ದಲ್ಲ. ಲೈಸೆನ್ಸ್ ಕೊಡುವ ಕೈ, ಕಿತ್ತುಕೊಳ್ಳುವ ಕೈ ಎರಡೂ ಸರ್ಕಾರದ್ದೇ. ನಡುವೆ ಸ್ವತಂತ್ರ ಪ್ರಾಧಿಕಾರವಿರಲಿಲ್ಲ. ದಕ್ಷಿಣ ಆಫ್ರಿಕಾದವರು ಈ ವಿಷಯದಲ್ಲಿ ಜಾಣರು: 1994ರ ಏಪ್ರಿಲ್ ಚುನಾವಣೆಗೆ ಮೊದಲೇ, 1993ರ ಕಾಯ್ದೆಯಲ್ಲೇ, ಪ್ರಸಾರಕ್ಕೊಂದು ಸ್ವತಂತ್ರ ಪ್ರಾಧಿಕಾರ ಬರೆದಿಟ್ಟುಕೊಂಡರು. ನೇಪಾಳ ಅದನ್ನು ಬಿಟ್ಟದ್ದರ ಬೆಲೆ 2005ರ ಫೆಬ್ರವರಿ 1ರಂದು ಗೊತ್ತಾಯಿತು. ದೊರೆ ಜ್ಞಾನೇಂದ್ರ ಸರ್ಕಾರವನ್ನು ವಜಾ ಮಾಡಿ ಆಡಳಿತವನ್ನೆಲ್ಲ ತನ್ನ ಕೈಗೆ ತೆಗೆದುಕೊಂಡದ್ದೇ ಎಫ್‌ಎಂಗಳಲ್ಲಿ ಸುದ್ದಿ ನಿಂತಿತು. ಹಾಡು ಹಾಕಬಹುದು, ವಾರ್ತೆ ಓದುವಂತಿಲ್ಲ. ರೇಡಿಯೊದವರು ಬೀದಿಯಲ್ಲಿ ನಿಂತು ಸುದ್ದಿ ಓದಿದರು. ಕೆಲವರು ವಾರ್ತೆಗೇ ರಾಗ ಕಟ್ಟಿ ಹಾಡಿದರು. (ನಿಷೇಧ ಬರೆದವರಿಗೆ ಇದು ಹೊಳೆದಿರಲಿಲ್ಲ.) ಅದೇ ವರ್ಷ ನವೆಂಬರ್ 27ರಂದು, ಬಿಬಿಸಿ ನೇಪಾಳಿ ಮಾಡಿದ್ದ ಮಾವೋವಾದಿ ಬಂಡುಕೋರರ ನಾಯಕ ಪ್ರಚಂಡರ ಸಂದರ್ಶನದ ಪ್ರಸಾರದ ವೇಳೆಗೆ ಪೊಲೀಸರು ಸಗರಮಾಥಾಕ್ಕೆ ನುಗ್ಗಿ ಯಂತ್ರ ಹೊತ್ತೊಯ್ದರು, ಸಿಬ್ಬಂದಿಯನ್ನು ಬಂಧಿಸಿದರು. ಸುಪ್ರೀಂ ಕೋರ್ಟ್ ಆದೇಶ ಬಂದ ಮೇಲೆ ದನಿ ಮರಳಿತು. ಟ್ರಾನ್ಸ್‌ಮಿಟರ್ ಒಂದೇ ಇದ್ದರೆ ಹೀಗೇ: ಪೆಟ್ಟಿಗೆ ಎತ್ತಿಕೊಂಡು ಹೋದರೆ ಕೇಂದ್ರವೇ ಮುಗಿಯಿತು.

ಸಮುದಾಯ ರೇಡಿಯೊ ಅಂದರೆ ಬೆಳೆ ಸಲಹೆ, ಆರೋಗ್ಯ, ಜಾನಪದ ಗೀತೆ ಎಂದುಕೊಂಡ ನಮ್ಮ ಕಿವಿಗೆ ಇದರ ಸುದ್ದಿಯೇ ಹೊಸತು. ನಮ್ಮಲ್ಲಿ ಅಂಥ ಕೇಂದ್ರಗಳು ಸ್ವಂತ ವಾರ್ತೆ ಮಾಡುವಂತಿಲ್ಲ, ಬೇಕಾದರೆ ಆಕಾಶವಾಣಿಯದ್ದನ್ನೇ ಇದ್ದಂತೆ ಬಿತ್ತರಿಸಬಹುದು. ನೇಪಾಳಿ ಬಾರದವರೂ ಹಿಂದಿಯ ಬಲದಲ್ಲಿ ಅರ್ಧ ಹಿಡಿಯಬಹುದು.

ಐದಕ್ಕೆ ನಾಲ್ಕು. ಕಳೆದ ಒಂದು ಅಂಕ ಕೇಂದ್ರದ್ದಲ್ಲ, ಲೈಸೆನ್ಸ್ ಕೊಟ್ಟವರದ್ದು.